ಸ್ವೆತ್ಲಾನಾ: ಹೆಸರು ಹೊಸದು, ಬೇರು ಬಹಳ ಹಳೆಯದು

ಪ್ರಶ್ನೆ: ನನ್ನ ಮಗ ಜರ್ಮನಿಯಲ್ಲಿದ್ದಾನೆ. ಸೊಸೆ ರಷ್ಯಾದವಳು. ಅವರಿಗೆ ಹೆಣ್ಣು ಮಗು ಹುಟ್ಟಿದೆ, ಸ್ವೆಟ್ಲಾನಾ ಅಂತ ಹೆಸರಿಟ್ಟಿದ್ದಾರೆ. ಆದರೆ ಚರ್ಚಿನಲ್ಲಿ ‘ಫೋತಿನಿಯಾ’ ಅಂತ ಬೇರೆಯೇ ಹೆಸರು ಇಟ್ಟರಂತೆ. ಒಂದು ಮಗುವಿಗೆ ಎರಡು ಹೆಸರು ಯಾಕೆ? ಇದು ಸಾವಿರಾರು ವರ್ಷ ಹಳೆಯ ದೇವತೆಯ ಹೆಸರು ಅಂತ ಪರಿಚಯದವರು ಹೇಳಿದರು, ನಿಜವಾ? ನಮ್ಮ ‘ಶ್ವೇತಾ’ಗೂ ಇದಕ್ಕೂ ಏನಾದರೂ ಸಂಬಂಧ ಇದೆಯಾ? ನಾನು ಮೊಮ್ಮಗಳನ್ನು ಶ್ವೇತಾ ಅಂತ ಕರೆದರೆ ಸೊಸೆಗೆ ಬೇಜಾರಾಗುತ್ತದಾ? ಮಗುವನ್ನು ಕರೆದುಕೊಂಡು ಊರಿಗೆ ಬರುತ್ತಾರೆ, ತೊಟ್ಟಿಲು ಶಾಸ್ತ್ರ ಇಟ್ಟುಕೊಂಡಿದ್ದೇವೆ. ಆಮಂತ್ರಣದಲ್ಲಿ ಹೆಸರನ್ನು ಕನ್ನಡದಲ್ಲಿ ಹೇಗೆ ಬರೆಸಬೇಕು?
(ಸಾಗರದ ಒಬ್ಬ ಅಜ್ಜಿ)

ಉತ್ತರ: ಅಮ್ಮಾ, ಮೊಮ್ಮಗಳು ಬಂದಿದ್ದಕ್ಕೆ ಅಭಿನಂದನೆ. ಸೊಸೆಯ ಬೇಜಾರಿನ ವಿಷಯ ಮೊದಲು ಮುಗಿಸಿಬಿಡೋಣ. ಧಾರಾಳವಾಗಿ ಶ್ವೇತಾ ಅಂತಲೇ ಕರೆಯಿರಿ. ಸ್ವೆತ್ಲಾನಾ ಎಂಬ ಹುಡುಗಿಯನ್ನು ರಷ್ಯಾದಲ್ಲಿ ಮನೆಯವರು, ಗೆಳತಿಯರು ಕರೆಯುವುದೇ ‘ಸ್ವೇತಾ’ ಅಂತ. ಪೂರ್ತಿ ಹೆಸರು ಸರ್ಟಿಫಿಕೇಟಿಗೆ, ಶಾಲೆಯ ಹಾಜರಿಗೆ. ಮನೆಯಲ್ಲಿ ಸ್ವೇತಾ, ಮುದ್ದು ಜಾಸ್ತಿಯಾದಾಗ ಸ್ವೆತೋಚ್ಕಾ, ಸ್ವೇತಿಕ್, ಸ್ವೆತೂಲ್ಯಾ. ನೀವು ‘ಶ್ವೇತಾ’ ಅಂದಾಗ ನಿಮ್ಮ ಸೊಸೆಗೆ ತನ್ನ ತವರಿನಲ್ಲಿ ಕೇಳುವ ಹೆಸರೇ ಕೇಳಿದ ಹಾಗಾಗುತ್ತದೆ. ‘ಸ’ ಇದ್ದಲ್ಲಿ ‘ಶ’ ಬಂದಿರುತ್ತದೆ, ಅಷ್ಟೇ.

ಎರಡು ಹೆಸರಿನ ನಡುವೆ ಸಂಬಂಧವೂ ಇದೆ. ಸುಮ್ನೆ ಸದ್ದು ಹೊಂದಿಕೊಂಡಿದ್ದಲ್ಲ. ಸ್ವೆತ್ಲಾನಾದ ಬೇರು ‘ಸ್ವೆತ್’, ಅಂದರೆ ಬೆಳಕು. ‘ಸ್ವೆತ್ಲಿ’ ಅಂದರೆ ಬೆಳಕಿರುವ, ಹೊಳೆಯುವ. ಅದರಿಂದ ಸ್ವೆತ್ಲಾನಾ, ಬೆಳಕಿನ ಹುಡುಗಿ. ಸಂಸ್ಕೃತದ ‘ಶ್ವೇತ’ ಮತ್ತು ರಷ್ಯನ್ ಮೊದಲಾದ ಸ್ಲಾವ್ ಭಾಷೆಗಳ ‘ಸ್ವೆತ್’ ಒಂದೇ ಹಳೆಯ ಬೇರಿನಿಂದ ಬಂದವು. ಸಂಸ್ಕೃತದಲ್ಲಿ ‘ಶ’ ಇರುವ ಕಡೆ ರಷ್ಯನ್ ಭಾಷೆಯಲ್ಲಿ ‘ಸ’ ಬರುವುದು ಒಂದು ನಿಯಮ. ನೂರಕ್ಕೆ ಸಂಸ್ಕೃತದಲ್ಲಿ ಶತ, ರಷ್ಯನ್ನಿನಲ್ಲಿ ಸ್ತೊ. ಹತ್ತಕ್ಕೆ ಇಲ್ಲಿ ದಶ, ಅಲ್ಲಿ ದೇಸ್ಯತ್. ಹಾಗೆಯೇ ಶ್ವೇತ ಮತ್ತು ಸ್ವೆತ್. ನಮ್ಮ ಕಡೆ ಅರ್ಥ ಬಿಳಿ ಬಣ್ಣದ ಕಡೆಗೆ ಹೋಯಿತು, ಅವರ ಕಡೆ ಬೆಳಕಾಗಿ ಉಳಿಯಿತು. ಲಿಥುವೇನಿಯಾದ ಭಾಷೆಯಲ್ಲೂ ಬೆಳಕಿಗೆ ‘ಶ್ವಿಯೆಸಾ’ ಅನ್ನುತ್ತಾರೆ. ಅದೂ ಇದೇ ಮನೆತನದ್ದು.

ಹಾಗಂತ ರಷ್ಯನ್ನರು ಇದನ್ನು ಸಂಸ್ಕೃತದಿಂದ ತೆಗೆದುಕೊಂಡರು ಅಂತ ಯಾರಾದರೂ ಹೇಳಿದರೆ ನಂಬಬೇಡಿ. ಇಂಥ ಮಾತು ವಾಟ್ಸಾಪಿನಲ್ಲಿ ಬಹಳ ಓಡಾಡುತ್ತದೆ. ಎರಡೂ ಭಾಷೆ ಒಂದೇ ಮೂಲದಿಂದ ಕವಲೊಡೆದವು. ಯಾರೂ ಯಾರಿಂದಲೂ ಪಡೆದಿದ್ದಲ್ಲ. ಕನ್ನಡ ಬೇರೆ ಕುಟುಂಬದ ಭಾಷೆ. ಆದರೂ ನೋಡಿ, ನಮ್ಮಲ್ಲೂ ಬೆಳಕು, ಬಿಳಿ, ಬೆಳ್ಳಿ, ಬೆಳಗು ಎಲ್ಲವೂ ಒಂದೇ ಬೇರಿನವು. ಬೆಳಕನ್ನೂ ಬಿಳಿಯನ್ನೂ ಜೊತೆಯಾಗಿ ನೋಡುವುದು ಎಲ್ಲ ಕಡೆಯ ಮನುಷ್ಯರಿಗೂ ಸಹಜ ಅಂತ ಕಾಣುತ್ತದೆ.

ರಷ್ಯನ್ನಿನ ‘ಸ್ವೆತ್’ಗೆ ಇನ್ನೊಂದು ಅರ್ಥವಿದೆ: ಲೋಕ. ‘ಬೇಲಿ ಸ್ವೆತ್’ ಅಂದರೆ ಪದಕ್ಕೆ ಪದ ಬಿಳಿ ಬೆಳಕು, ಆದರೆ ಬಳಕೆಯಲ್ಲಿ ಈ ವಿಶಾಲ ಜಗತ್ತು. ‘ತೋತ್ ಸ್ವೆತ್’ ಅಂದರೆ ನಾವು ಹೇಳುವ ಪರಲೋಕ. ಮಗು ಹುಟ್ಟಿತು ಅನ್ನುವುದಕ್ಕೆ ‘ಬೆಳಕಿಗೆ ಬಂತು’ ಎಂದೇ ಅವರು ಹೇಳುವುದು. ಹಾಗಾಗಿ ಈ ಹೆಸರು ಕೇಳಿದಾಗ ರಷ್ಯನ್ನರಿಗೆ ದೀಪದ ಬೆಳಕಿಗಿಂತ ದೊಡ್ಡದೇನೋ ಹೊಳೆಯುತ್ತದೆ.

ಇದರ ಪಕ್ಕದಲ್ಲೇ ಒಂದು ಗೊಂದಲ ಇದೆ. ‘ಸ್ವ್ಯತ್’ ಅಂತ ಇನ್ನೊಂದು ಬೇರಿದೆ, ಅದರ ಅರ್ಥ ಪವಿತ್ರ. ಕಿವಿಗೆ ಎರಡೂ ಹತ್ತಿರ, ಆದರೆ ಸಂಬಂಧವಿಲ್ಲ. ಇದಕ್ಕೆ ನಮ್ಮ ಬೆಂಗಳೂರಿನಲ್ಲೇ ಒಂದು ಉದಾಹರಣೆ ಸಿಗುತ್ತದೆ. ಕನಕಪುರ ರಸ್ತೆಯ ತಾತಗುಣಿ ಎಸ್ಟೇಟಿನಲ್ಲಿ ದೇವಿಕಾ ರಾಣಿ ಅವರ ಜೊತೆ ಬಾಳಿದ ಚಿತ್ರಕಲಾವಿದ ರೋರಿಕ್ ಅವರ ಹೆಸರನ್ನು ಇಲ್ಲಿ ನಾವು ಸ್ವೆತೊಸ್ಲಾವ್ ಅಂತ ಓದುತ್ತೇವೆ. ಇಂಗ್ಲಿಷಿನಲ್ಲಿ ಅವರು ಬರೆಯುತ್ತಿದ್ದುದೂ ಹಾಗೆಯೇ. ರಷ್ಯನ್ನಿನಲ್ಲಿ ಅದು ಸ್ವ್ಯತೊಸ್ಲಾವ್. ಬೆಳಕಿನ ಬೇರಲ್ಲ, ಪವಿತ್ರದ ಬೇರು. ಬೆಂಗಳೂರಿನ ಚಿತ್ರಕಲಾ ಪರಿಷತ್ತಿನಲ್ಲಿ ಅವರ ಚಿತ್ರಗಳಿವೆ. ಮಗ, ಸೊಸೆ ಊರಿಗೆ ಬಂದಾಗ ಬೆಂಗಳೂರಿನಲ್ಲಿ ಒಂದು ದಿನ ಉಳಿದರೆ ತೋರಿಸಿ. 1904ರಲ್ಲಿ ಪೀಟರ್ಸ್‌ಬರ್ಗ್‌ನಲ್ಲಿ ಹುಟ್ಟಿ 1993ರಲ್ಲಿ ಬೆಂಗಳೂರಿನಲ್ಲಿ ತೀರಿಕೊಂಡವರು ಅಂದರೆ ಸೊಸೆಗೆ ಆಸಕ್ತಿ ಬರಬಹುದು.

ಈಗ ದೇವತೆಯ ವಿಷಯ. ಅಂಥ ದೇವತೆ ಯಾರೂ ಇಲ್ಲ. ಬೇರು ಸಾವಿರಾರು ವರ್ಷ ಹಳೆಯದು, ನಿಜ. ಆದರೆ ಸ್ವೆತ್ಲಾನಾ ಎಂಬ ಹೆಸರಿಗೆ ವಯಸ್ಸು ಇನ್ನೂರು ವರ್ಷದ ಆಸುಪಾಸು. ಅದನ್ನು ಕಟ್ಟಿದವರು ಯಾರು ಅಂತಲೂ ಗೊತ್ತು. ಹೆಸರುಗಳ ಲೋಕದಲ್ಲಿ ಇದು ಅಪರೂಪ. ಶ್ವೇತಾ ಅಂತ ಮೊದಲು ಹೆಸರಿಟ್ಟವರು ಯಾರು ಅಂತ ಯಾರಿಂದ ಹೇಳಲು ಸಾಧ್ಯ?

ಅಲೆಕ್ಸಾಂದರ್ ವೊಸ್ತೊಕೊವ್ ಎಂಬ ಕವಿ 1802ರಲ್ಲಿ ‘ಸ್ವೆತ್ಲಾನಾ ಮತ್ತು ಮ್ಸ್ತಿಸ್ಲಾವ್’ ಎಂಬ ಕಥನಗೀತೆ ಬರೆದ. ಹಳೆಯ ಕಾಲದ ರಷ್ಯಾದ ಕಥೆ ಎಂಬಂತೆ ಅದನ್ನು ಹೇಳಿದ. ನಾಯಕನಿಗೆ ನಿಜವಾದ ಹಳೆಯ ಹೆಸರು ಸಿಕ್ಕಿತು, ಮ್ಸ್ತಿಸ್ಲಾವ್ ಎಂಬ ರಾಜರು ಹಿಂದೆ ಇದ್ದರು. ನಾಯಕಿಗೆ ಮಾತ್ರ ಹಳೆಯದಂತೆ ಕೇಳಿಸುವ ಹೊಸ ಹೆಸರನ್ನು ಅವನೇ ಕಟ್ಟಿಕೊಂಡ. ಈ ವೊಸ್ತೊಕೊವ್ ಬಗ್ಗೆ ನನಗೆ ವಿಶೇಷ ಗೌರವ. ಹುಟ್ಟಿದ್ದು ಈಗಿನ ಎಸ್ತೋನಿಯಾದ ಸಾರೆಮಾ ದ್ವೀಪದಲ್ಲಿ, ಜರ್ಮನ್ ಮೂಲದ ಮನೆಯಲ್ಲಿ. ಹುಟ್ಟಿನ ಅಡ್ಡಹೆಸರು ಓಸ್ತೆನೆಕ್. ಜರ್ಮನ್ನಿನಲ್ಲಿ ‘ಓಸ್ಟ್’ ಅಂದರೆ ಪೂರ್ವ. ಅದನ್ನೇ ರಷ್ಯನ್ನಿಗೆ ತಿರುಗಿಸಿ ವೊಸ್ತೊಕೊವ್ ಆದ, ‘ವೊಸ್ತೋಕ್’ ಅಂದರೆ ಪೂರ್ವ. ಸ್ವಂತ ಹೆಸರನ್ನೇ ಹೊಸ ಭಾಷೆಯಲ್ಲಿ ಕಟ್ಟಿಕೊಂಡವನಿಗೆ ನಾಯಕಿಯ ಹೆಸರು ಕಟ್ಟುವುದು ಕಷ್ಟವಾಗಿರಲಾರದು. ಅವನಿಗೆ ಉಗ್ಗು ಬಹಳ ಇತ್ತು. ಮಾತಿಗಿಂತ ಅಕ್ಷರದಲ್ಲೇ ಹೆಚ್ಚು ಬಾಳಿದ. ಮುಂದೆ ಹಳೆಯ ಸ್ಲಾವ್ ಭಾಷೆಯ ದೊಡ್ಡ ವಿದ್ವಾಂಸನಾದ. 11ನೇ ಶತಮಾನದ ‘ಓಸ್ತ್ರೊಮೀರ್ ಸುವಾರ್ತೆ’ ಎಂಬ ಹಸ್ತಪ್ರತಿಯನ್ನು 1843ರಲ್ಲಿ ಅಚ್ಚು ಹಾಕಿಸಿದವನು ಅವನೇ. ಭಾಷೆಯ ಕಿವಿ ಅಷ್ಟು ಚೆನ್ನಾಗಿ ಇದ್ದವನು ಕಟ್ಟಿದ್ದರಿಂದಲೇ ಈ ಹೆಸರು ಕೃತಕ ಅನ್ನಿಸುವುದಿಲ್ಲ.

ಆದರೂ ಹೆಸರನ್ನು ಮನೆಮನೆಗೆ ತಲುಪಿಸಿದವನು ಇನ್ನೊಬ್ಬ ಕವಿ, ವಸಿಲಿ ಜುಕೊವ್‌ಸ್ಕಿ. 1813ರಲ್ಲಿ ಅವನ ‘ಸ್ವೆತ್ಲಾನಾ’ ಎಂಬ ಕಥನಗೀತೆ ಬೆಳಕಿಗೆ ಬಂತು. ಇದನ್ನು ಸ್ವಲ್ಪ ಬಿಡಿಸಿ ಹೇಳುತ್ತೇನೆ. ನಿಮ್ಮ ಸೊಸೆ ಇದನ್ನು ಶಾಲೆಯಲ್ಲಿ ಓದಿರುವ ಸಾಧ್ಯತೆ ಜಾಸ್ತಿ.

ಕಥೆ ನಡೆಯುವುದು ಜನವರಿಯ ಚಳಿಯಲ್ಲಿ, ಯೇಸುವಿನ ದೀಕ್ಷಾಸ್ನಾನದ ಹಬ್ಬದ ಹಿಂದಿನ ರಾತ್ರಿ. ರಷ್ಯಾದ ಹಳ್ಳಿಗಳಲ್ಲಿ ಆ ರಾತ್ರಿ ಮದುವೆಯಾಗದ ಹುಡುಗಿಯರು ಸೇರಿ ಶಕುನ ನೋಡುತ್ತಿದ್ದರು. ಕಾಲಿನ ಚಪ್ಪಲಿಯನ್ನು ಗೇಟಿನ ಆಚೆ ಎಸೆಯುವುದು, ಕೋಳಿಗೆ ಎಣಿಸಿ ಕಾಳು ಹಾಕುವುದು, ಮೇಣ ಕರಗಿಸುವುದು, ನೀರಿನ ಬಟ್ಟಲಿಗೆ ಉಂಗುರ ಹಾಕಿ ಬಿಳಿ ಬಟ್ಟೆ ಮುಚ್ಚಿ ಹಾಡುವುದು. ಇವೆಲ್ಲ ಕವಿತೆಯ ಮೊದಲ ಸಾಲುಗಳಲ್ಲೇ ಬರುತ್ತವೆ. ಸ್ವೆತ್ಲಾನಾ ಮಾತ್ರ ಹಾಡುವುದಿಲ್ಲ. ಅವಳು ಮೆಚ್ಚಿದವನು ದೂರ ಹೋಗಿ ವರ್ಷವಾಗಿದೆ, ಸುದ್ದಿಯಿಲ್ಲ. ನಡುರಾತ್ರಿ ಒಬ್ಬಳೇ ಕನ್ನಡಿಯ ಮುಂದೆ ಮೇಣದ ಬತ್ತಿ ಹಚ್ಚಿಕೊಂಡು ಕೂರುತ್ತಾಳೆ. ಅವನು ಬರುತ್ತಾನೆ, ಹಿಮಗಾಡಿಯಲ್ಲಿ ಕರೆದುಕೊಂಡು ಹೋಗುತ್ತಾನೆ. ಹೋಗುತ್ತಾ ಹೋಗುತ್ತಾ ಗಾಡಿ, ಕುದುರೆ, ಅವನು ಎಲ್ಲವೂ ಮಾಯ. ಎದುರಿಗೆ ಒಂದು ಗುಡಿಸಲು, ಒಳಗೆ ಶವಪೆಟ್ಟಿಗೆ. ಹೆಣ ಅಲುಗಾಡುತ್ತದೆ. ಒಂದು ಬಿಳಿ ಪಾರಿವಾಳ ಅವಳನ್ನು ಕಾಯುತ್ತದೆ. ಹೆಣ ಯಾರದು ಅಂತ ನೋಡಿದರೆ ತಾನು ಮೆಚ್ಚಿದವನದೇ. ಅಷ್ಟರಲ್ಲಿ ಎಚ್ಚರ. ಬೆಳಗಾಗಿದೆ. ದೂರದಿಂದ ಗಾಡಿಯ ಗಂಟೆ ಕೇಳುತ್ತದೆ, ಅವನು ನಿಜವಾಗಿಯೇ ಬರುತ್ತಿದ್ದಾನೆ, ಜೀವಂತವಾಗಿ.

ಈ ಕಥೆಯ ಮೂಲ ಜರ್ಮನ್ ಕವಿ ಬ್ಯೂರ್ಗರ್ ಬರೆದ ‘ಲೆನೋರೆ’. ಅದರಲ್ಲಿ ಹುಡುಗಿಯ ಗತಿ ಗೋರಿಯೇ. ಜುಕೊವ್‌ಸ್ಕಿ ಮೊದಲು 1808ರಲ್ಲಿ ‘ಲ್ಯುದ್ಮೀಲಾ’ ಎಂಬ ಹೆಸರಿನಲ್ಲಿ ಅದೇ ಕಥೆಯನ್ನು ಅದೇ ದುರಂತದ ಕೊನೆಯೊಡನೆ ಬರೆದಿದ್ದ. ಎರಡನೇ ಸಲ ಬರೆದಾಗ ಸಾವನ್ನೆಲ್ಲ ಕನಸಿಗೆ ತಳ್ಳಿ, ಹುಡುಗಿಯನ್ನು ಬೆಳಗಿಗೆ ಎಬ್ಬಿಸಿದ. ಹಾಗೆ ಎಬ್ಬಿಸಬೇಕಾದರೆ ಅವಳ ಹೆಸರು ಲ್ಯುದ್ಮೀಲಾ ಆಗಿ ಉಳಿಯುವಂತಿರಲಿಲ್ಲ, ಬೆಳಕೇ ಆಗಬೇಕಿತ್ತು ಅಂತ ನನ್ನ ನಂಬಿಕೆ. ಈ ಕವಿತೆಯನ್ನು ಅವನು ಬಂಧುಗಳ ಮನೆಯ ಹುಡುಗಿ ಅಲೆಕ್ಸಾಂದ್ರಾ ಪ್ರೊತಾಸೊವಾಗೆ ಮದುವೆಯ ಉಡುಗೊರೆಯಾಗಿ ಅರ್ಪಿಸಿದ. ಅಲ್ಲಿಂದ ಮುಂದೆ ಗೆಳೆಯರ ಬಳಗದಲ್ಲಿ ಅವಳಿಗೆ ಸ್ವೆತ್ಲಾನಾ ಎಂದೇ ಹೆಸರಾಯಿತು. ಅವಳ ಮದುವೆ ಸುಖದ್ದಾಗಲಿಲ್ಲ, 1829ರಲ್ಲಿ ಚಿಕ್ಕ ವಯಸ್ಸಿಗೇ ತೀರಿಕೊಂಡಳು. ರಷ್ಯಾದ ಮಹಾಕವಿ ಪುಷ್ಕಿನ್ ತನ್ನ ‘ಯೆವ್ಗೇನಿ ಅನ್ಯೇಗಿನ್’ ಕಾವ್ಯದ ಐದನೇ ಅಧ್ಯಾಯದ ತಲೆಯಲ್ಲಿ ಇದೇ ಕವಿತೆಯ ಸಾಲನ್ನು ಇಟ್ಟಿದ್ದಾನೆ. 1836ರಲ್ಲಿ ಕಾರ್ಲ್ ಬ್ರ್ಯುಲೊವ್ ಕನ್ನಡಿಯ ಮುಂದೆ ಕುಳಿತ ಸ್ವೆತ್ಲಾನಾಳ ಚಿತ್ರ ಬರೆದ. ಅದು ಈಗ ನಿಜ್ನಿ ನೊವ್‌ಗೊರೊದ್‌ನ ಕಲಾ ಸಂಗ್ರಹಾಲಯದಲ್ಲಿದೆ. ಓದು ಬರಹ ಬಲ್ಲ ಮನೆಗಳಲ್ಲಿ ಈ ಹೆಸರು ಗೊತ್ತಿಲ್ಲದವರೇ ಇರಲಿಲ್ಲ.

ಗೊತ್ತಿದ್ದರೂ ಮಗಳಿಗೆ ಇಡುವ ಹಾಗಿರಲಿಲ್ಲ! ನಿಮ್ಮ ಎರಡು ಹೆಸರಿನ ಪ್ರಶ್ನೆಗೆ ಉತ್ತರ ಇಲ್ಲೇ ಇದೆ.

ಆಗ ರಷ್ಯಾದಲ್ಲಿ ಜನನದ ದಾಖಲೆ ಬರೆಯುತ್ತಿದ್ದುದು ಚರ್ಚು. ರಷ್ಯಾದ ಕ್ರೈಸ್ತರಲ್ಲಿ ಹೆಚ್ಚಿನವರು ಪಾಲಿಸುವ ಆರ್ಥೊಡಾಕ್ಸ್ ಪದ್ಧತಿಯಲ್ಲಿ ಮಗುವಿಗೆ ಸಂತರ ಪಟ್ಟಿಯಲ್ಲಿರುವ ಹೆಸರನ್ನೇ ಇಡಬೇಕು. ಆ ಪಟ್ಟಿಗೆ ‘ಸ್ವ್ಯಾತ್ಸಿ’ ಅನ್ನುತ್ತಾರೆ. ಮಗು ಆ ಸಂತರ ಕಾವಲಿನಲ್ಲಿ ಬೆಳೆಯುತ್ತದೆ ಎಂಬುದು ನಂಬಿಕೆ. ಕವಿ ಕಟ್ಟಿದ ಹೆಸರಿನ ಸಂತಳು ಎಲ್ಲಿಂದ ಬರಬೇಕು? ಹಾಗಾಗಿ ನೂರು ವರ್ಷ ಈ ಹೆಸರು ಹುಡುಗಿಯರನ್ನು ಬಿಟ್ಟು ಬೇರೆಲ್ಲದಕ್ಕೂ ಅಂಟಿಕೊಂಡಿತು. ರಷ್ಯಾದ ನೌಕಾಪಡೆಯಲ್ಲಿ ಸ್ವೆತ್ಲಾನಾ ಎಂಬ ಹಡಗಿತ್ತು. ಅದು 1873ರಲ್ಲಿ ಚಕ್ರವರ್ತಿಯ ಮಗನನ್ನು ಹೊತ್ತು ವ್ಲಾದಿವೊಸ್ತೋಕ್‌ಗೆ ಬಂತು. ಆ ನೆನಪಿಗೆ ಊರಿನ ಮುಖ್ಯ ರಸ್ತೆ ಸ್ವೆತ್ಲಾನ್‌ಸ್ಕಾಯಾ ಆಯಿತು, ಸೋವಿಯತ್ ಕಾಲದಲ್ಲಿ ಬದಲಾಗಿದ್ದರೂ ಈಗ ಮತ್ತೆ ಅದೇ ಹೆಸರು. ಅದೇ ಹೆಸರಿನ ಇನ್ನೊಂದು ಹಡಗು 1905ರಲ್ಲಿ ಜಪಾನಿನ ಜೊತೆ ನಡೆದ ತ್ಸುಶಿಮಾ ಕದನದಲ್ಲಿ ಮುಳುಗಿತು. ಪೀಟರ್ಸ್‌ಬರ್ಗ್‌ನ ಬಲ್ಬ್ ಕಾರ್ಖಾನೆಯೊಂದಕ್ಕೂ ಸ್ವೆತ್ಲಾನಾ ಅಂತಲೇ ಹೆಸರು ಬಂತು. ಬೆಳಕಿನ ಸಾಮಾನು ಮಾಡುವವರಿಗೆ ಇದಕ್ಕಿಂತ ಒಳ್ಳೆ ಹೆಸರು ಸಿಗುವುದೂ ಕಷ್ಟ, ಅಲ್ವಾ?

ಹಡಗು, ರಸ್ತೆ, ಬಲ್ಬು ಆದ ಮೇಲೆ ಹುಡುಗಿಯರ ಸರದಿ. ಕ್ರಾಂತಿಯ ನಂತರ 1917ರ ಡಿಸೆಂಬರಿನಲ್ಲಿ ಹೊಸ ಸರ್ಕಾರ ಜನನ, ವಿವಾಹ ದಾಖಲೆಗಳನ್ನು ಚರ್ಚಿನಿಂದ ತೆಗೆದು ಸರ್ಕಾರಿ ಕಚೇರಿಗೆ ಕೊಟ್ಟಿತು. ಬೇಕಾದ ಹೆಸರಿಡಬಹುದು ಎಂದಾಯಿತು. ಲೆನಿನ್ ಹೆಸರನ್ನು ಹಿಂದುಮುಂದು ಮಾಡಿ ‘ನಿನೆಲ್’ ಅಂತ ಹೆಣ್ಣುಮಕ್ಕಳಿಗೆ ಇಟ್ಟವರೂ ಇದ್ದರು. ಅಂಥ ಹೆಸರುಗಳಲ್ಲಿ ಬಹುಪಾಲು ಆ ಕಾಲದ ಜೊತೆಗೇ ಹೋದವು. ಸ್ವೆತ್ಲಾನಾ ಉಳಿಯಿತು, ಏಕೆಂದರೆ ಅಷ್ಟರಲ್ಲಿ ಮೂರು ತಲೆಮಾರು ಅದನ್ನು ಕವಿತೆಯಲ್ಲಿ ಪ್ರೀತಿಸಿತ್ತು. 1926ರಲ್ಲಿ ಸ್ಟಾಲಿನ್ ಮಗಳಿಗೆ ಈ ಹೆಸರಿಟ್ಟ, ಅವನ ಆಪ್ತ, ಸೋವಿಯತ್ ನಾಯಕ ಮೊಲೊತೊವ್‌ನ ಮಗಳಿಗೂ ಇದೇ ಹೆಸರು. ಆಮೇಲಿನ ದಶಕಗಳಲ್ಲಿ ಸೋವಿಯತ್ ಶಾಲೆಗಳಲ್ಲಿ ಒಂದೇ ತರಗತಿಯಲ್ಲಿ ಎರಡು ಮೂರು ಸ್ವೇತಾಗಳು ಇರುವುದು ಮಾಮೂಲಾಯಿತು.

ಚರ್ಚಿನ ಕಡೆ ಜನ ಒಂದು ದಾರಿ ಕಂಡುಕೊಂಡರು. ಗ್ರೀಕಿನಲ್ಲಿ ಬೆಳಕಿಗೆ ‘ಫೋಸ್’. ಅದರಿಂದ ಬಂದ ಫೋತಿನಿ, ರಷ್ಯನ್ನಿನಲ್ಲಿ ಫೋತಿನಾ ಅಥವಾ ಫೋತಿನಿಯಾ, ಸಂತರ ಪಟ್ಟಿಯಲ್ಲಿ ಮೊದಲಿನಿಂದಲೂ ಇತ್ತು. ಅರ್ಥ ಅದೇ ಆದ್ದರಿಂದ ಸ್ವೆತ್ಲಾನಾಗಳಿಗೆ ದೀಕ್ಷಾಸ್ನಾನದಲ್ಲಿ ಈ ಹೆಸರು ಕೊಡುವ ರೂಢಿ ಬೆಳೆಯಿತು. ಈ ಫೋತಿನಿ ಯಾರು ಗೊತ್ತಾ? ಬೈಬಲ್ಲಿನ ಯೋಹಾನನ ಸುವಾರ್ತೆಯ ನಾಲ್ಕನೇ ಅಧ್ಯಾಯದಲ್ಲಿ ನಡುಮಧ್ಯಾಹ್ನ ಯಾಕೋಬನ ಬಾವಿಗೆ ನೀರಿಗೆ ಬಂದ ಸಮಾರ್ಯದ ಹೆಂಗಸು. ಯೇಸು ಬಾವಿಕಟ್ಟೆಯಲ್ಲಿ ಕೂತು ಅವಳ ಹತ್ತಿರ ಕುಡಿಯಲು ನೀರು ಕೇಳುತ್ತಾನೆ. ಸಮಾರ್ಯದವರ ಜೊತೆ ಯೆಹೂದ್ಯರಿಗೆ ಬಳಕೆಯೇ ಇಲ್ಲದಿದ್ದ ಕಾಲ ಅದು. ನನ್ನ ಹತ್ತಿರ ನೀನು ನೀರು ಕೇಳುವುದಾ ಅಂತ ಅವಳಿಗೆ ಆಶ್ಚರ್ಯ. ಬಸವಣ್ಣನವರ ನಾಡಿನವರಿಗೆ ಈ ಕಥೆ ಯಾಕೆ ಮುಖ್ಯ ಅಂತ ಬಿಡಿಸಿ ಹೇಳಬೇಕಿಲ್ಲ. ಸುವಾರ್ತೆಯಲ್ಲಿ ಅವಳಿಗೆ ಹೆಸರಿಲ್ಲ. ಫೋತಿನಿ ಎಂಬ ಹೆಸರನ್ನು ಆಮೇಲಿನ ಪರಂಪರೆ ಕೊಟ್ಟಿತು. ಆ ಬಾವಿ ಪ್ಯಾಲೆಸ್ತೀನಿನ ನಾಬ್ಲುಸ್‌ನಲ್ಲಿದೆ, ಅದರ ಮೇಲೆ ಸಂತ ಫೋತಿನಿಯ ಚರ್ಚಿದೆ.

ಇದರಲ್ಲಿ ನನಗೆ ಬಹಳ ಹಿಡಿಸುವ ಒಂದು ವಿಷಯ ಇದೆ. ಹಳೆಯ ರಷ್ಯಾದ ಹಳ್ಳಿಗಳಲ್ಲಿ ಫೋತಿನಿಯಾ ಎಂಬ ಹೆಸರು ಬಾಯಿಂದ ಬಾಯಿಗೆ ಸವೆದು ‘ಫೆತಿನ್ಯಾ’ ಆಗಿತ್ತು. ಅದು ರೈತರ ಮನೆಯ, ಕೆಲಸದಾಳಿನ ಹೆಸರು. ಸ್ವೆತ್ಲಾನಾ ಓದಿದವರ ಮನೆಯ ಕನಸಿನ ಹೆಸರು. ಇವತ್ತು ಎರಡೂ ಒಂದೇ ಮಗುವಿನ ಮೇಲೆ ಬಂದು ಕೂತಿವೆ. ಸರ್ಕಾರಿ ಕಾಗದಗಳಲ್ಲಿ ಚರ್ಚಿನ ಹೆಸರು ಬರುವುದಿಲ್ಲ, ಅದರ ಚಿಂತೆ ಬೇಡ. ಆದರೆ ಆ ಹೆಸರಿಗೆ ಒಂದು ಹಬ್ಬದ ದಿನ ಇದೆ. ಸಮಾರ್ಯದ ಫೋತಿನಿಯ ದಿನ ಏಪ್ರಿಲ್ 2. ಪ್ಯಾಲೆಸ್ತೀನಿನ ಫೋತಿನಿಯಾ ಎಂಬ ಇನ್ನೊಬ್ಬ ಸಂತಳ ದಿನ ಫೆಬ್ರವರಿ 26. ಮೊಮ್ಮಗಳಿಗೆ ಯಾವುದು ಅಂತ ಸೊಸೆಯನ್ನು ಕೇಳಿ ಬರೆದಿಟ್ಟುಕೊಳ್ಳಿ. ಆ ದಿನವೂ ಶುಭಾಶಯ ಹೇಳುವ ರೂಢಿ ಇದೆ.

ಈ ಹೆಸರಿನ ಒಬ್ಬ ಹೆಣ್ಣುಮಗಳ ಬದುಕು ನಮ್ಮ ದೇಶದಲ್ಲೇ ತಿರುವು ಪಡೆಯಿತು. ಸ್ಟಾಲಿನ್‌ನ ಮಗಳು ಸ್ವೆತ್ಲಾನಾ ಅಲಿಲುಯೆವಾ. ಮಗುವಾಗಿದ್ದಾಗ ಅವಳಿಗೆ ತನ್ನ ಹೆಸರು ನೆಟ್ಟಗೆ ಹೇಳಲು ಬಾರದೆ ‘ಸೆತಾಂಕಾ’ ಅನ್ನುತ್ತಿದ್ದಳು. ಅಪ್ಪನೂ ಕಾಗದದಲ್ಲಿ ಹಾಗೇ ಬರೆಯುತ್ತಿದ್ದ. ದೊಡ್ಡವಳಾದ ಮೇಲೆ ಮಾಸ್ಕೋದಲ್ಲಿ ಉತ್ತರ ಪ್ರದೇಶದ ಕಾಲಾಕಾಂಕರ್ ಅರಸು ಮನೆತನದ ಬ್ರಜೇಶ್ ಸಿಂಗ್ ಅವರ ಪರಿಚಯವಾಯಿತು. ಸರ್ಕಾರ ಮದುವೆಗೆ ಒಪ್ಪಲಿಲ್ಲ. 1966ರಲ್ಲಿ ಅವರು ತೀರಿಕೊಂಡರು. ಅವರ ಚಿತಾಭಸ್ಮ ಹಿಡಿದು ಅವಳು ಡಿಸೆಂಬರಿನಲ್ಲಿ ಭಾರತಕ್ಕೆ ಬಂದಳು, ಗಂಗೆಯ ದಡದ ಆ ಊರಿನಲ್ಲಿ ಉಳಿದಳು. ವಾಪಸು ಹೋಗಬೇಕಾದಾಗ, 1967ರ ಮಾರ್ಚ್ 6ರಂದು, ದೆಹಲಿಯ ಅಮೆರಿಕ ರಾಯಭಾರ ಕಚೇರಿಗೆ ಹೋಗಿ ಆಶ್ರಯ ಕೇಳಿದಳು. ಮುಂದೆ ಅಮೆರಿಕದಲ್ಲಿ ಮದುವೆಯಾಗಿ ಲಾನಾ ಪೀಟರ್ಸ್ ಆದಳು. ಅಪ್ಪನ ಹೆಸರನ್ನು ಪೂರ್ತಿ ಬಿಟ್ಟರೂ ತನ್ನ ಹೆಸರಿನ ಬಾಲವನ್ನು ಉಳಿಸಿಕೊಂಡಳು. 2011ರಲ್ಲಿ ತೀರಿಕೊಂಡಳು.

ಸಂತೋಷದ ಕಥೆ ಬೇಕಾದರೆ ಸ್ವೆತ್ಲಾನಾ ಸವೀತ್ಸ್‌ಕಾಯಾ ಇದ್ದಾರೆ. ನಮ್ಮ ರಾಕೇಶ್ ಶರ್ಮಾ 1984ರ ಏಪ್ರಿಲಿನಲ್ಲಿ ಹೋಗಿದ್ದ ಸಾಲ್ಯೂತ್ 7 ನಿಲ್ದಾಣದಿಂದಲೇ, ಅದೇ ವರ್ಷ ಜುಲೈ 25ರಂದು ಹೊರಗೆ ಬಂದು ಬಾಹ್ಯಾಕಾಶದಲ್ಲಿ ನಡೆದ ಮೊದಲ ಮಹಿಳೆ. 2015ರ ಸಾಹಿತ್ಯ ನೊಬೆಲ್ ಪಡೆದ ಬೆಲಾರುಸ್‌ನ ಲೇಖಕಿ ಸ್ವೆತ್ಲಾನಾ ಅಲೆಕ್ಸಿಯೇವಿಚ್. ಉಕ್ರೇನಿನಲ್ಲಿ ಇದೇ ಹೆಸರು ಸ್ವಿತ್ಲಾನಾ, ಬೆಲಾರುಸ್‌ನಲ್ಲಿ ಸ್ವ್ಯತ್ಲಾನಾ. ಬಲ್ಗೇರಿಯಾ, ಸೆರ್ಬಿಯಾಗಳಲ್ಲೂ ಇದೆ.

ಈಗ ರಷ್ಯಾದಲ್ಲಿ ಎಳೆಮಕ್ಕಳಿಗೆ ಸೋಫಿಯಾ, ಮರಿಯಾ ಇಂಥ ಹೆಸರುಗಳೇ ಜಾಸ್ತಿ. ಸ್ವೆತ್ಲಾನಾ ಅಂದರೆ ಅಮ್ಮ, ಅಜ್ಜಿಯರ ವಯಸ್ಸಿನವರು ನೆನಪಾಗುತ್ತಾರೆ. ಸೊಸೆ ಇದನ್ನೇ ಆರಿಸಿದ್ದಾಳೆ ಅಂದರೆ ಅವಳ ಮನೆಯಲ್ಲಿ ಯಾರೋ ಒಬ್ಬ ಸ್ವೆತ್ಲಾನಾ ಇದ್ದಿರಬಹುದು. ನಮ್ಮಲ್ಲಿ ಅಜ್ಜಿಯ ಹೆಸರಿಡುವುದಿಲ್ಲವೇ? ಕೇಳಿ ನೋಡಿ, ಮಾತಾಡಲು ಒಳ್ಳೆ ವಿಷಯ.

ಸೊಸೆಯ ಊರಿನಲ್ಲಿ ಹಿರಿಯರು ಮಗುವಿನ ಹೆಸರಿಗೆ ಅಪ್ಪನ ಹೆಸರನ್ನೂ ಸೇರಿಸಿ ನೋಡುತ್ತಾರೆ. ಮಗನ ಹೆಸರು ನೀವು ಬರೆದಿಲ್ಲ. ಪ್ರಕಾಶ ಅಂತಿದ್ದರೆ ಸ್ವೆತ್ಲಾನಾ ಪ್ರಕಾಶೆವ್ನಾ, ಮಂಜುನಾಥ ಅಂತಿದ್ದರೆ ಸ್ವೆತ್ಲಾನಾ ಮಂಜುನಾಥೊವ್ನಾ. ಬೀಗರು ವಿಡಿಯೋ ಕಾಲಿನಲ್ಲಿ ಹೀಗೆ ಅಂದರೆ ಗಾಬರಿಯಾಗಬೇಡಿ, ಅದು ಗೌರವದ ಕರೆ.

ಆಮಂತ್ರಣದಲ್ಲಿ ‘ಟ’ ಬೇಡ, ‘ತ’ ಬರೆಸಿ. ರಷ್ಯನ್ ‘ತ’ ನಮ್ಮ ತಂದೆ, ತಾಯಿಯ ‘ತ’ದ ಹಾಗೆ ನಾಲಿಗೆ ಹಲ್ಲಿಗೆ ತಾಗಿ ಬರುತ್ತದೆ. ‘ಟ’ ಇಂಗ್ಲಿಷಿನ ಮೂಲಕ ನಮ್ಮ ಪತ್ರಿಕೆಗಳಿಗೆ ಬಂದದ್ದು. ಒತ್ತು ‘ಲಾ’ ಮೇಲೆ, ಕೊನೆಯ ಅಕ್ಷರವನ್ನು ಎಳೆಯುವುದಿಲ್ಲ. ಸ್ವೆತ್ಲಾನ ಅಂತ ಬರೆಸಿದರೂ ಸರಿ, ನಾನು ಬರೆದಂತೆ ಸ್ವೆತ್ಲಾನಾ ಅಂತ ದೀರ್ಘ ಕೊಟ್ಟರೂ ಸರಿ. ಅಚ್ಚಿಗೆ ಕೊಡುವ ಮೊದಲು ‘ತ್ಲಾ’ ಒತ್ತಕ್ಷರ ಸರಿಯಾಗಿ ಮೂಡಿದೆಯಾ ಅಂತ ಪ್ರೂಫ್ ನೋಡಿ. ಪಕ್ಕದಲ್ಲಿ ಶ್ವೇತಾ ಅಂತಲೂ ಹಾಕಿಸಿ. ಊರಿನವರು ಹೇಗೂ ಹಾಗೆಯೇ ಕರೆಯುತ್ತಾರೆ.